ತೀರ್ಪು ಕೊಟ್ಟ ಜಡ್ಜ್ ಮುಂದೆಯೇ ಮತ್ತೆ ಹೋಗಬಹುದಾ?

ಸಿವಿಲ್ ದಾವೆ ಸೋತವರು ನನ್ನ ಆಫೀಸಿಗೆ ಬಂದು ಕೂತ ಮೇಲೆ ಸಾಮಾನ್ಯವಾಗಿ ಒಂದು ಮಾತು ಹೇಳುತ್ತಾರೆ. "ಸಾರ್, ಅಪೀಲು ಅಂದ್ರೆ ಮತ್ತೆ ಎಷ್ಟು ವರ್ಷನೋ. ಅದೇ ಕೋರ್ಟಲ್ಲಿ ಒಂದು ರಿವ್ಯೂ ಹಾಕಿಬಿಡಿ." ರಿವ್ಯೂ ಎಂದರೆ ತೀರ್ಪು ಕೊಟ್ಟ ಕೋರ್ಟೇ ಅದನ್ನು ಮತ್ತೆ ಪರಿಶೀಲಿಸುವುದು. ಊರಲ್ಲೇ ಮುಗಿಯುತ್ತದೆ, ಖರ್ಚೂ ಕಡಿಮೆ ಎನ್ನುವುದು ಅವರ ಲೆಕ್ಕ. ಹತ್ತರಲ್ಲಿ ಒಂಬತ್ತು ಜನಕ್ಕೆ ನಾನು ಬೇಡ ಎನ್ನುತ್ತೇನೆ.

ಜಡ್ಜ್ ತೀರ್ಪಿಗೆ ಸಹಿ ಹಾಕಿದ ಮೇಲೆ ಅದನ್ನು ಬದಲಿಸುವ ಅಧಿಕಾರ ಅವರಿಗೂ ಇರುವುದಿಲ್ಲ. ಇದಕ್ಕೆ ಎರಡೇ ವಿನಾಯಿತಿ. ಸರ್ವೆ ನಂಬರ್ ತಪ್ಪಾಗಿದೆ, 2 ಎಕರೆ 10 ಗುಂಟೆ ಇದ್ದದ್ದು 10 ಎಕರೆ 2 ಗುಂಟೆ ಆಗಿದೆ ಎನ್ನುವಂಥ ಕೈತಪ್ಪಾದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 152ನೇ ಕಲಂ ಸಾಕು. ಅದಕ್ಕೆ ರಿವ್ಯೂ ಬೇಕಿಲ್ಲ. ಅದಕ್ಕಿಂತ ದೊಡ್ಡದಿದ್ದರೆ ಅದೇ ಸಂಹಿತೆಯ 114ನೇ ಕಲಂ ಮತ್ತು ಆದೇಶ 47, ಅಂದರೆ ರಿವ್ಯೂ. ಅಲ್ಲಿರುವ ಕಾರಣಗಳು ಮೂರು: ಹೊಸ ಸಾಕ್ಷ್ಯ ಸಿಕ್ಕಿರಬೇಕು, ಕಡತ ನೋಡಿದ ಕೂಡಲೇ ಕಾಣುವ ತಪ್ಪಿರಬೇಕು, ಇಲ್ಲವೇ "ಬೇರೆ ಸಾಕಷ್ಟು ಕಾರಣ" ಇರಬೇಕು. ಈ ಮೂರನೆಯದನ್ನು ನೋಡಿ ಯಾರೂ ಹಿಗ್ಗಬೇಡಿ. ಮೊದಲೆರಡರ ಜಾತಿಗೆ ಸೇರಿದ ಕಾರಣವೇ ಆಗಬೇಕು ಎಂದು ಬ್ರಿಟಿಷರ ಕಾಲದ ಅತ್ಯುನ್ನತ ನ್ಯಾಯಾಲಯವಾದ ಪ್ರಿವಿ ಕೌನ್ಸಿಲ್ 1922ರಲ್ಲೇ ಹೇಳಿದೆ.

ಜಾಸ್ತಿ ಜನ ಎಡವುವುದು ಹೊಸ ಸಾಕ್ಷ್ಯದಲ್ಲಿ. ಒಬ್ಬರು ವಿಭಾಗದ ದಾವೆ ಸೋತು, ಆಮೇಲೆ ಅಟ್ಟದ ಮೇಲಿನ ಟ್ರಂಕಿನಿಂದ ಅಜ್ಜನ ಕಾಲದ ಪಾಲುಪಾರೀಕತ್ತು ತೆಗೆದುಕೊಂಡು ಬಂದರು. ಕೈ ನಡುಗುತ್ತಿತ್ತು, ಪಾಪ. ಪತ್ರ ಅಸಲಿಯೇ. ಆದರೆ ಜಡ್ಜ್ ಕೇಳುವ ಪ್ರಶ್ನೆ ಬೇರೆ: "ಟ್ರಂಕು ನಿಮ್ಮ ಮನೇಲೇ ಇತ್ತಲ್ವಾ? ಇಷ್ಟು ವರ್ಷ ಯಾಕೆ ನೋಡಲಿಲ್ಲ?" ಸಾಲದ್ದಕ್ಕೆ ಅದು ನೋಂದಣಿಯಾದ ಪತ್ರ. ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲಿ ಹುಡುಕಿಸಿದ್ದರೆ ದಾವೆ ನಡೆಯುವಾಗಲೇ ನಕಲು ಸಿಗುತ್ತಿತ್ತು. ತಕ್ಕ ಪ್ರಯತ್ನ ಮಾಡಿದರೂ ಸಿಗಲಿಲ್ಲ ಎನ್ನುವುದನ್ನು ನಾವೇ ಗಟ್ಟಿಯಾಗಿ ಸಾಬೀತು ಮಾಡಬೇಕು. ಅವರಿಗೆ ನಾನು ಅಪೀಲು ಹಾಕಿಸಿದೆ. ಅಲ್ಲಿ ಹೆಚ್ಚುವರಿ ಸಾಕ್ಷ್ಯ ಕೊಡುವುದೂ ಸುಲಭವಲ್ಲ. ಆದರೆ ಅಲ್ಲಿ ಇಡೀ ಕೇಸನ್ನೇ ಮತ್ತೆ ವಾದಿಸಬಹುದು.

ಇನ್ನು ಕಣ್ಣಿಗೆ ಕಾಣುವ ತಪ್ಪು. "ಕ್ರಯಪತ್ರ ಹಾಜರುಪಡಿಸಿಲ್ಲ" ಎಂದು ತೀರ್ಪಿನಲ್ಲಿ ಬರೆದಿದೆ, ಕಡತ ತೆರೆದರೆ ಅದು ನಿಶಾನೆ ಪಿ-3, ಅಂದರೆ ವಾದಿಯ ಮೂರನೇ ದಾಖಲೆ ಆಗಿ ಕೂತಿದೆ. ಇದು ರಿವ್ಯೂಗೆ ಹೇಳಿ ಮಾಡಿಸಿದ ಕೇಸು. "ನಮ್ಮ ಸಾಕ್ಷಿಯನ್ನು ಜಡ್ಜ್ ನಂಬಲಿಲ್ಲ" ಎನ್ನುವುದು ಅಲ್ಲ. ತಪ್ಪು ತೋರಿಸಲು ನಾನು ಅರ್ಧ ಗಂಟೆ ವಾದ ಮಾಡಬೇಕಾದರೆ ಅದು ಕಣ್ಣಿಗೆ ಕಾಣುವ ತಪ್ಪಲ್ಲ. ರಿವ್ಯೂ ಎನ್ನುವುದು ವೇಷ ಹಾಕಿದ ಅಪೀಲು ಆಗಬಾರದು ಎಂದು ಸುಪ್ರೀಂ ಕೋರ್ಟ್ 1997ರ ಪರ್ಸಿಯನ್ ದೇವಿ ಪ್ರಕರಣದಲ್ಲಿ ಎಚ್ಚರಿಸಿದೆ.

2020ರ ಆಗಸ್ಟ್ ನಂತರ ಹೆಣ್ಣುಮಕ್ಕಳಿಂದ ಒಂದೇ ಪ್ರಶ್ನೆ ಬರತೊಡಗಿತು. ಹಿಂದೂ ಉತ್ತರಾಧಿಕಾರ ಕಾಯ್ದೆಯ ತಿದ್ದುಪಡಿ ಜಾರಿಗೆ ಬಂದ 2005ರ ಸೆಪ್ಟೆಂಬರ್ 9ರಂದು ತಂದೆ ಬದುಕಿದ್ದರೆ ಮಾತ್ರ ಮಗಳಿಗೆ ಪಿತ್ರಾರ್ಜಿತ ಆಸ್ತಿಯಲ್ಲಿ ಸಮಪಾಲು ಎಂದು ಸುಪ್ರೀಂ ಕೋರ್ಟ್ 2015ರಲ್ಲಿ ಹೇಳಿತ್ತು. ಆ ಫೂಲವತಿ ಪ್ರಕರಣ ಹೋದದ್ದು ನಮ್ಮ ಕರ್ನಾಟಕದಿಂದಲೇ. 2020ರ ವಿನೀತಾ ಶರ್ಮಾ ತೀರ್ಪು ಅದನ್ನು ಅಳಿಸಿಹಾಕಿತು. ನಡುವಿನ ಐದು ವರ್ಷಗಳಲ್ಲಿ ಸೋತವರು ಕೇಳಿದ್ದು ಇಷ್ಟೇ: "ಕಾನೂನೇ ಬದಲಾಯ್ತಲ್ಲ, ನಮ್ಮದನ್ನ ಮತ್ತೆ ತೆಗೀಬಹುದಲ್ವಾ?" ರಿವ್ಯೂನಲ್ಲಿ ಆಗುವುದಿಲ್ಲ. ಮೇಲಿನ ಕೋರ್ಟು ಬೇರೊಂದು ಕೇಸಿನಲ್ಲಿ ಕಾನೂನಿನ ಅರ್ಥವನ್ನು ಬದಲಿಸಿದ್ದು ರಿವ್ಯೂಗೆ ಕಾರಣವಲ್ಲ ಎಂಬ ವಿವರಣೆಯನ್ನು ಆದೇಶ 47ಕ್ಕೆ 1976ರಲ್ಲೇ ಸೇರಿಸಿದ್ದಾರೆ. 2024ರ ಮೇ ತಿಂಗಳಲ್ಲಿ ದೆಹಲಿಯ ಭೂಸ್ವಾಧೀನ ಕೇಸುಗಳಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠವೂ ಅದನ್ನೇ ಹೇಳಿತು. ಕೇಳುವವರ ಮುಖ ನೋಡಿ ಇದನ್ನು ಹೇಳುವುದು ಕಷ್ಟ. ಅಪೀಲು ಅಥವಾ ಅಂತಿಮ ಡಿಕ್ರಿಯ (ಪಾಲನ್ನು ಅಳೆದು ಹಂಚಿಕೊಡುವ ಕೊನೆಯ ಹಂತದ) ನಡಾವಳಿ ಇನ್ನೂ ಬಾಕಿ ಇದ್ದವರಿಗೆ ಮಾತ್ರ ದಾರಿ ಇತ್ತು.

ದಿನಗಳ ಲೆಕ್ಕ ಇನ್ನೊಂದು ಪೇಚು. ರಿವ್ಯೂಗೆ 30 ದಿನ. ಜಿಲ್ಲಾ ಕೋರ್ಟಿನ ಅಪೀಲಿಗೂ 30 ದಿನ, ಹೈಕೋರ್ಟಿಗಾದರೆ 90. ರಿವ್ಯೂ ಹಾಕಿದ ಮಾತ್ರಕ್ಕೆ ಅಪೀಲಿನ ಗಡಿಯಾರ ನಿಲ್ಲುವುದಿಲ್ಲ. ರಿವ್ಯೂ ವಜಾ ಆದರೆ ಆ ವಜಾ ಆದೇಶದ ಮೇಲೆ ಅಪೀಲೂ ಇಲ್ಲ, ಮತ್ತೊಂದು ರಿವ್ಯೂ ಕೂಡ ಇಲ್ಲ. ಆಗ ಮೂಲ ತೀರ್ಪಿನ ಮೇಲೆ ತಡವಾದ ಅಪೀಲು ಹಾಕಿ, ಯಾಕೆ ತಡವಾಯ್ತು ಎಂದು ವಿವರಿಸುತ್ತಾ ನಿಲ್ಲಬೇಕು. ಮೊದಲೇ ಅಪೀಲು ಹಾಕಿಬಿಟ್ಟಿದ್ದರೆ ರಿವ್ಯೂ ಬಾಗಿಲು ಮುಚ್ಚಿತು.

ಹಾಗಾಗಿ ಆಫೀಸಿಗೆ ಬಂದವರಿಗೆ ನಾನು ಮೊದಲು ಕೇಳುವುದು, ತೀರ್ಪಿನ ದೃಢೀಕೃತ ನಕಲಿಗೆ ಅರ್ಜಿ ಹಾಕಿದ್ದೀರಾ ಎಂದು. ನಕಲು ಸಿಗಲು ಹಿಡಿದ ದಿನಗಳನ್ನು ಗಡುವಿನಿಂದ ಕಳೆಯುತ್ತಾರೆ. ಹಾಕಿಲ್ಲ ಎಂದರೆ ಕಾಫಿ ಆಮೇಲೆ, ಮೊದಲು ಗುಮಾಸ್ತರ ಜೊತೆ ಅವರನ್ನು ಕೋರ್ಟಿನ ನಕಲು ವಿಭಾಗಕ್ಕೆ ಕಳಿಸುತ್ತೇನೆ.