ಶಾಲಾ ಬಸ್ ಚಾಲಕರ ಮೇಲೆ ವರದಿಯ ಹೊಣೆ ಬಂದದ್ದು ಹೇಗೆ?

ಮಗುವಿನ ಮೇಲೆ ದೌರ್ಜನ್ಯ ನಡೆಯುತ್ತಿದೆ ಎಂಬ ಅನುಮಾನ ಶಾಲಾ ಬಸ್ ಚಾಲಕರಿಗೆ ಬಂದರೆ ಅದನ್ನು ಅಧಿಕಾರಿಗಳಿಗೆ ವರದಿ ಮಾಡುವ ಹೊಣೆ ಅವರ ಮೇಲಿದೆಯೇ? ಅಮೆರಿಕದಲ್ಲಿ ಇದಕ್ಕೆ ರಾಜ್ಯಕ್ಕೊಂದು ಉತ್ತರ. ಕೆಲವು ರಾಜ್ಯಗಳು ಹೊಣೆಗಾರ ವೃತ್ತಿಗಳ ಪಟ್ಟಿ ಮಾಡಿವೆ, ಇನ್ನು ಕೆಲವು ಆ ಹೊಣೆಯನ್ನು ಎಲ್ಲರಿಗೂ ಹೊರಿಸಿವೆ.

1962ರಲ್ಲಿ ಡೆನ್ವರ್‌ನ ಮಕ್ಕಳ ವೈದ್ಯ ಹೆನ್ರಿ ಕೆಂಪ್ ಮತ್ತು ಸಂಗಡಿಗರು, ಹೊಡೆತ ತಿಂದ ಮಕ್ಕಳ ಎಕ್ಸ್‌ರೇಗಳಲ್ಲಿ ಬೇರೆ ಬೇರೆ ಕಾಲದಲ್ಲಿ ಮುರಿದು ಕೂಡಿಕೊಂಡ ಮೂಳೆಗಳು ಕಾಣುತ್ತವೆ ಎಂದು ಬರೆದರು. 1967ರ ಹೊತ್ತಿಗೆ ಎಲ್ಲ ರಾಜ್ಯಗಳಲ್ಲೂ ವರದಿ ಕಾನೂನು ಬಂತು. ಆಗ ಹೊಣೆ ಮುಖ್ಯವಾಗಿ ವೈದ್ಯರದು. 1974ರಲ್ಲಿ ಕೇಂದ್ರ ಸರ್ಕಾರದ ಅನುದಾನಕ್ಕೆ ವರದಿ ವ್ಯವಸ್ಥೆ ಷರತ್ತಾಯಿತು. ಪಟ್ಟಿ ಬೆಳೆಯುತ್ತಾ ಹೋಯಿತು.

ಕ್ಯಾಲಿಫೋರ್ನಿಯಾದ ಕಾಯ್ದೆ 1980ರದು. ಅದರ ಇಂದಿನ ಪಟ್ಟಿಯಲ್ಲಿ ಸರ್ಕಾರಿ ಶಾಲೆಗಳ ಬೋಧಕೇತರ ನೌಕರರೂ ಇದ್ದಾರೆ. ಚಾಲಕರು ಸೇರುವುದು ಆ ಗುಂಪಿನಲ್ಲಿ. ಅವರು ಸೇರಬೇಕಾದದ್ದೇ. ಸುಡುಬಿಸಿಲಿನಲ್ಲೂ ತುಂಬುತೋಳಿನ ಅಂಗಿ ಬಿಚ್ಚದ ಹುಡುಗಿ, ತನ್ನ ನಿಲ್ದಾಣ ಬಂದರೂ ಸೀಟು ಬಿಟ್ಟು ಏಳದ ಹುಡುಗ: ಇವರು ತರಗತಿಗಿಂತ ಮೊದಲು ಕಾಣುವುದು ಚಾಲಕರ ತಲೆಯ ಮೇಲಿನ ಕನ್ನಡಿಯಲ್ಲಿ. ಬೆಳಿಗ್ಗೆ ಮನೆಬಾಗಿಲಿನಲ್ಲಿ ನಿಂತವರ ಮುಖವನ್ನು ನೋಡುವ ಶಾಲಾ ಸಿಬ್ಬಂದಿ ಕೂಡ ಬಹುಪಾಲು ಅವರೊಬ್ಬರೇ.

ಈ ಕಾಯ್ದೆ ಪುರಾವೆ ಕೇಳುವುದಿಲ್ಲ, ಸಕಾರಣ ಅನುಮಾನ ಸಾಕು. ತಕ್ಷಣ ಪೊಲೀಸರಿಗೋ ಮಕ್ಕಳ ಕಲ್ಯಾಣ ಇಲಾಖೆಗೋ ಫೋನ್ ಮಾಡಬೇಕು, 36 ಗಂಟೆಗಳೊಳಗೆ ಲಿಖಿತ ವರದಿ ಕೊಡಬೇಕು. ಮೇಲ್ವಿಚಾರಕರಿಗೆ ಹೇಳಿ ಕೈತೊಳೆದುಕೊಳ್ಳುವಂತಿಲ್ಲ, ಏಕೆಂದರೆ ಹೊಣೆ ವೈಯಕ್ತಿಕ. ವರದಿ ಮಾಡದಂತೆ ಮೇಲಿನವರು ತಡೆಯುವಂತೆಯೂ ಇಲ್ಲ. ಸುಮ್ಮನಿದ್ದರೆ 6 ತಿಂಗಳವರೆಗೆ ಜೈಲು ಅಥವಾ 1,000 ಡಾಲರ್‌ವರೆಗೆ ದಂಡ, ಇಲ್ಲವೇ ಎರಡೂ.

ಇಷ್ಟು ಭಾರದ ಹೊಣೆಗೆ ತರಬೇತಿ ಮಾತ್ರ ಬಹಳ ತಡವಾಗಿ ಬಂತು. 2014ರಲ್ಲಿ ಅಂಗೀಕಾರವಾದ ತಿದ್ದುಪಡಿ 2015ರ ಜನವರಿಯಿಂದ ಶಾಲಾ ಸಿಬ್ಬಂದಿಗೆ ಪ್ರತಿವರ್ಷದ ತರಬೇತಿಯನ್ನು ಕಡ್ಡಾಯ ಮಾಡಿತು. ಅದಕ್ಕೂ ಮುಂಚೆ, ತರಬೇತಿ ಕೊಡದ ಶಾಲಾ ಆಡಳಿತ ಕಾರಣ ತಿಳಿಸಿದರೆ ಸಾಕಿತ್ತು. ಆದರೆ ತರಬೇತಿ ಸಿಕ್ಕಿರಲಿಲ್ಲ ಎಂಬ ಕಾರಣಕ್ಕೆ ನೌಕರರಿಗೆ ಕಾನೂನಿನಲ್ಲಿ ವಿನಾಯಿತಿ ಇಲ್ಲ. ವರ್ಷದ ನಡುವೆ ಸೇರಿದವರಿಗೆ ತರಬೇತಿ ಕೊಡಲು ಇಂದಿಗೂ 6 ವಾರಗಳ ಅವಕಾಶವಿದೆ. ಆ 6 ವಾರವೂ ಅವರು ಮಕ್ಕಳನ್ನು ಕರೆದೊಯ್ಯುತ್ತಲೇ ಇರುತ್ತಾರೆ, ಹೊಣೆ ಮೊದಲ ದಿನದಿಂದಲೇ ಅವರ ಮೇಲಿರುತ್ತದೆ. ಬಸ್ಸಿನ ಕೀಲಿ ಕೈಗೆ ಕೊಡುವ ಮುನ್ನವೇ ಈ ತರಬೇತಿ ಮುಗಿಯಬೇಕು.