ಗೌಟ್ ನೋವಿಗೆ ಮಾತ್ರೆ ಆರಿಸುವ ಮುನ್ನ

ನಡುರಾತ್ರಿ ಕಾಲಿನ ಹೆಬ್ಬೆರಳಿನ ಬುಡ ಕೆಂಪಗೆ ಊದಿಕೊಂಡು, ಹೊದಿಕೆ ತಾಕಿದರೂ ತಡೆಯಲಾಗದಷ್ಟು ನೋಯುವುದು, ರಕ್ತದಲ್ಲಿ ಯೂರಿಕ್ ಆಮ್ಲ ಹೆಚ್ಚಿ ಅದರ ಹರಳುಗಳು ಕೀಲಿನಲ್ಲಿ ಕೂಡುವ ಕಾಯಿಲೆಯಾದ ಗೌಟ್‌ನ ಎದ್ದು ಕಾಣುವ ಲಕ್ಷಣ. ಕೋಲಾರದ ಕಡೆ ಕೊಳವೆಬಾವಿ ನೀರಿನ ಫ್ಲೋರೈಡ್ ಎಲ್ಲರಿಗೂ ಪರಿಚಿತವಾದ್ದರಿಂದ, ನನ್ನ ಬಳಿಗೆ ಬರುವ ಹಲವರು ಇದನ್ನೂ ನೀರಿನ ದೋಷವೆಂದೇ ತಿಳಿದು, ಮೆಡಿಕಲ್ ಸ್ಟೋರ್‌ನಲ್ಲಿ ಬಿಡಿ ಮಾತ್ರೆಗಳನ್ನು ಪೊಟ್ಟಣ ಕಟ್ಟಿಸಿಕೊಂಡು ನುಂಗಿರುತ್ತಾರೆ. ಫ್ಲೋರೈಡಿನ ಬಾಧೆ ವರ್ಷಗಟ್ಟಲೆ ನಿಧಾನವಾಗಿ ಬಲಿಯುವಂಥದ್ದು. ಅದು ಒಂದೇ ರಾತ್ರಿಯಲ್ಲಿ ಕೀಲನ್ನು ಊದಿಸುವುದಿಲ್ಲ.

ಆ ಪೊಟ್ಟಣದಲ್ಲಿ ನಾನು ಹೆಚ್ಚಾಗಿ ಕಂಡಿರುವುದು ಡೈಕ್ಲೋಫೆನಾಕ್ ಎಂಬ ನೋವಿನ ಮಾತ್ರೆ, ಅದರೊಂದಿಗೆ ಹೆಸರು ಕತ್ತರಿಸಿಹೋದ ಒಂದು ಸಣ್ಣ ಸ್ಟಿರಾಯ್ಡ್ ಮಾತ್ರೆ. ಇವೆರಡೂ ಗೌಟ್‌ಗೆ ಸಲ್ಲುವ ಔಷಧಗಳೇ ಆದರೂ, ಒಟ್ಟಿಗೆ ಸೇವಿಸಿದರೆ ಹೊಟ್ಟೆಯಲ್ಲಿ ಹುಣ್ಣಾಗಿ ರಕ್ತಸ್ರಾವವಾಗುವ ಸಾಧ್ಯತೆ ಹೆಚ್ಚುತ್ತದೆ. ಗೌಟ್ ಇರುವವರಲ್ಲಿ ಬಿಪಿ, ಸಕ್ಕರೆ ಕಾಯಿಲೆ, ಮೂತ್ರಪಿಂಡದ ದೌರ್ಬಲ್ಯಗಳೂ ಕೂಡಿಕೊಂಡಿರುವುದು ಸಾಮಾನ್ಯ. ಆದ್ದರಿಂದ ಮೂತ್ರಪಿಂಡದ ಸ್ಥಿತಿ ತಿಳಿಸುವ ರಕ್ತದ ಕ್ರಿಯಾಟಿನಿನ್ ಎಷ್ಟಿದೆಯೆಂದು ನೋಡದೆ ಡೈಕ್ಲೋಫೆನಾಕ್, ಐಬುಪ್ರೊಫೆನ್, ನ್ಯಾಪ್ರೊಕ್ಸೆನ್‌ಗಳನ್ನು ಕೊಡುವುದು ನನಗೆ ಒಪ್ಪಿಗೆಯಿಲ್ಲ. ಮೂತ್ರಪಿಂಡ ಚೆನ್ನಾಗಿದ್ದು, ಅಲ್ಸರ್ ಅಥವಾ ಹೃದ್ರೋಗವಿಲ್ಲದವರಿಗೆ ಕೆಲವು ದಿನಗಳ ಮಟ್ಟಿಗೆ ಇವು ಧಾರಾಳವಾಗಿ ಸಾಕು.

ಉಳಿದವರಿಗೆ ಕಾಲ್ಚಿಸಿನ್ ಇದೆ. ನೋವು ಶುರುವಾದ ದಿನವೇ ತೆಗೆದುಕೊಂಡರೆ ಕಡಿಮೆ ಪ್ರಮಾಣವೇ ಕೆಲಸ ಮಾಡುತ್ತದೆ. ಭೇದಿಯಾಗುವವರೆಗೆ ಗಂಟೆಗೊಂದರಂತೆ ನುಂಗಿಸುತ್ತಿದ್ದ ಹಳೆಯ ಪದ್ಧತಿಯನ್ನು ಈಗ ಕೈಬಿಡಲಾಗಿದೆ. ಮೂತ್ರಪಿಂಡ ದುರ್ಬಲವಾಗಿದ್ದರೆ ಇದರ ಪ್ರಮಾಣವನ್ನೂ ಇಳಿಸಬೇಕು. ಕ್ಲಾರಿಥ್ರೊಮೈಸಿನ್ ಎಂಬ ಆ್ಯಂಟಿಬಯೋಟಿಕ್ ಜೊತೆ ಸೇರಿದರೆ ಇದು ಪ್ರಾಣಕ್ಕೇ ಎರವಾಗಬಹುದು. ಕಾಲ್ಚಿಸಿನ್ ಕೂಡ ಹೊಂದದಿದ್ದರೆ ಪ್ರೆಡ್ನಿಸೊಲೋನ್ ಎಂಬ ಸ್ಟಿರಾಯ್ಡ್ ಅನ್ನು ಕೆಲವು ದಿನ ಕೊಡಬಹುದು, ಆದರೆ ಸಕ್ಕರೆ ಕಾಯಿಲೆಯವರು ಆ ದಿನಗಳಲ್ಲಿ ರಕ್ತದ ಸಕ್ಕರೆಯನ್ನು ಪರೀಕ್ಷಿಸಿಕೊಳ್ಳುತ್ತಿರಬೇಕು. ಪ್ಯಾರಾಸಿಟಮಾಲ್ ನೋವನ್ನು ಸ್ವಲ್ಪ ತಗ್ಗಿಸೀತು, ಊತವನ್ನಲ್ಲ.

ಬೇರೆ ಕಾಯಿಲೆಗೆಂದು ನುಂಗುವ ಮಾತ್ರೆಗಳ ಪಟ್ಟಿಯನ್ನೂ ವೈದ್ಯರಿಗೆ ತೋರಿಸಿ. ಬಿಪಿಗೆ ಕೊಡುವ ಹೈಡ್ರೋಕ್ಲೋರೋಥಯಾಜೈಡ್ ಯೂರಿಕ್ ಆಮ್ಲವನ್ನು ಏರಿಸುತ್ತದೆ, ಲೊಸಾರ್ಟನ್ ತುಸು ಇಳಿಸುತ್ತದೆ. ಕಡಿಮೆ ಪ್ರಮಾಣದ ಆಸ್ಪಿರಿನ್ ಕೂಡ ಏರಿಸುವುದುಂಟು. ಹಾಗೆಂದು ಹೃದಯಕ್ಕಾಗಿ ಬರೆದುಕೊಟ್ಟ ಆಸ್ಪಿರಿನ್ ಅನ್ನು ತಾವಾಗಿಯೇ ನಿಲ್ಲಿಸಬಾರದು.

ಅಲೋಪ್ಯುರಿನಾಲ್ ನೋವಿನ ಮಾತ್ರೆಯಲ್ಲ, ಯೂರಿಕ್ ಆಮ್ಲವನ್ನು ಇಳಿಸುವ ಮಾತ್ರೆ. ಅದನ್ನು ದಿನಕ್ಕೆ 100 ಮಿಲಿಗ್ರಾಂ ಅಥವಾ ಅದಕ್ಕೂ ಕಡಿಮೆಯಿಂದ ಆರಂಭಿಸಿ, ರಕ್ತದ ಯೂರಿಕ್ ಆಮ್ಲ ಡೆಸಿಲೀಟರಿಗೆ 6 ಮಿಲಿಗ್ರಾಂಗಿಂತ ಕೆಳಗಿಳಿಯುವವರೆಗೆ ಏರಿಸುತ್ತಾರೆ. ಮೊದಲ ತಿಂಗಳುಗಳಲ್ಲಿ ಹರಳುಗಳು ಕರಗುವಾಗ ನೋವು ಮರುಕಳಿಸಬಹುದು. ಆಗ ಅದನ್ನು ನಿಲ್ಲಿಸದೆ ನೋವಿಗೆ ಬೇರೆ ಔಷಧ ಪಡೆಯಬೇಕು. ಆದರೆ ಮೈಮೇಲೆ ಗಂಧೆ ಎದ್ದರೆ ಮಾತ್ರ ಮುಂದಿನ ಮಾತ್ರೆ ನುಂಗದೆ, ಅಂದೇ ವೈದ್ಯರನ್ನು ಕಾಣಿರಿ.