ಕಲ್ಲಿದ್ದಲಿನೊಡನೆ ಹರಿದುಹೋದ ನವಾಹೊ ನೀರು

ಅಮೆರಿಕದ ಅರಿಝೋನಾ, ನ್ಯೂ ಮೆಕ್ಸಿಕೊ ಮತ್ತು ಯೂಟಾ ರಾಜ್ಯಗಳಲ್ಲಿ ಹರಡಿರುವ ನವಾಹೊ ಮೂಲನಿವಾಸಿಗಳ ಸ್ವಯಮಾಡಳಿತ ಪ್ರದೇಶದಲ್ಲಿ ಸುಮಾರು ಮೂರನೇ ಒಂದರಷ್ಟು ಮನೆಗಳಿಗೆ ನಲ್ಲಿ ನೀರಿಲ್ಲ. ಆ ಕುಟುಂಬಗಳು ಪಿಕಪ್ ಟ್ರಕ್ಕುಗಳಲ್ಲಿ ಡ್ರಮ್ಮುಗಳನ್ನಿಟ್ಟುಕೊಂಡು ದೂರದ ಬಾವಿಗಳಿಂದ ನೀರು ತರುತ್ತವೆ. ಒಣಹವೆಯೊಂದನ್ನೇ ಇದಕ್ಕೆ ಕಾರಣವಾಗಿ ತೋರಿಸಿದರೆ ಚರಿತ್ರೆಯನ್ನು ಮರೆಮಾಚಿದಂತಾಗುತ್ತದೆ.

ತಮ್ಮನ್ನು ಡಿನೆ ಎಂದು ಕರೆದುಕೊಳ್ಳುವ ಈ ಜನರನ್ನು 1864ರಲ್ಲಿ ಅಮೆರಿಕದ ಸೇನೆ ಬಲವಂತವಾಗಿ ನಡೆಸಿ ಪೂರ್ವ ನ್ಯೂ ಮೆಕ್ಸಿಕೊದ ಬೊಸ್ಕೆ ರೆಡೊಂಡೊ ಎಂಬ ಬಂಧನ ಶಿಬಿರಕ್ಕೆ ಸಾಗಿಸಿತ್ತು. ಅಮೆರಿಕ ಸರ್ಕಾರದೊಡನೆ ಆದ 1868ರ ಒಪ್ಪಂದದ ಬಳಿಕವೇ ಅವರು ತಾಯ್ನೆಲಕ್ಕೆ ಮರಳಿದರು. 1930ರ ದಶಕದಲ್ಲಿ ಮಣ್ಣಿನ ಸವಕಳಿ ತಡೆಯಬೇಕೆಂದು ಸರ್ಕಾರ ಅವರ ಕುರಿ, ಮೇಕೆಗಳ ಸಂಖ್ಯೆಯನ್ನು ಬಲವಂತದಿಂದ ತಗ್ಗಿಸಿದಾಗ, ಮಂದೆಯನ್ನೇ ನಂಬಿದ್ದ ಎಷ್ಟೋ ಮನೆಗಳು ಕೂಲಿಯ ದಾರಿ ಹಿಡಿಯಬೇಕಾಯಿತು.

ಕೂಲಿ ಸಿಕ್ಕಿದ್ದು ಗಣಿಗಳಲ್ಲಿ. 1944ರಿಂದ 1986ರವರೆಗೆ ಈ ನೆಲದಿಂದ ಸುಮಾರು 3 ಕೋಟಿ ಟನ್ ಯುರೇನಿಯಂ ಅದಿರನ್ನು ತೆಗೆಯಲಾಯಿತು. ಗಾಳಿಯಾಡದ ಸುರಂಗಗಳಲ್ಲಿ ದುಡಿದವರಿಗೆ ಯುರೇನಿಯಂ ಅದಿರಿನಿಂದ ಹೊಮ್ಮುವ ವಿಕಿರಣಶೀಲ ರೇಡಾನ್ ಅನಿಲದ ಅಪಾಯವನ್ನು ವರ್ಷಗಟ್ಟಲೆ ತಿಳಿಸಲಿಲ್ಲ. ಮುಂದೆ ಅನೇಕರು ಶ್ವಾಸಕೋಶದ ಕ್ಯಾನ್ಸರಿಗೆ ಬಲಿಯಾದರು. 1979ರ ಜುಲೈ 16ರಂದು ನ್ಯೂ ಮೆಕ್ಸಿಕೊದ ಚರ್ಚ್ ರಾಕ್‌ನಲ್ಲಿ ಗಣಿತ್ಯಾಜ್ಯದ ಒಡ್ಡು ಒಡೆದು, ಸುಮಾರು 35 ಕೋಟಿ ಲೀಟರ್ ವಿಕಿರಣಯುಕ್ತ ಆಮ್ಲೀಯ ದ್ರವ ಪ್ಯುಯೆರ್ಕೊ ನದಿಗೆ ನುಗ್ಗಿತು. ದನಕರುಗಳು ನೀರು ಕುಡಿಯುತ್ತಿದ್ದ ನದಿಯದು. ಹೊಸ ಯುರೇನಿಯಂ ಗಣಿಗಾರಿಕೆಯನ್ನು ನವಾಹೊ ಸರ್ಕಾರ 2005ರಲ್ಲಿ ನಿಷೇಧಿಸಿತಾದರೂ, 500ಕ್ಕೂ ಹೆಚ್ಚು ಪಾಳುಗಣಿಗಳು ಉಳಿದುಕೊಂಡಿವೆ.

ಇದಕ್ಕಿಂತಲೂ ಮನಸ್ಸನ್ನು ಕಾಡುವುದು ಅರಿಝೋನಾದ ಬ್ಲ್ಯಾಕ್ ಮೇಸಾದ ಕಲ್ಲಿದ್ದಲಿನ ಕಥೆ. ನವಾಹೊ ಮತ್ತು ನೆರೆಯ ಮೂಲನಿವಾಸಿಗಳಾದ ಹೋಪಿ ಜನರ ಆ ಪ್ರಸ್ಥಭೂಮಿಯಲ್ಲಿ ಅಗೆದ ಕಲ್ಲಿದ್ದಲನ್ನು ಪುಡಿಮಾಡಿ, ಕುಡಿಯಲು ಯೋಗ್ಯವಾದ ಅಂತರ್ಜಲದಲ್ಲಿ ಕಲಸಿ, ಸುಮಾರು 440 ಕಿಲೋಮೀಟರ್ ಉದ್ದದ ಕೊಳವೆಯ ಮೂಲಕ ನೆವಾಡಾದ ಮೊಹಾವೆ ವಿದ್ಯುತ್ ಸ್ಥಾವರಕ್ಕೆ ಕಳುಹಿಸಲಾಗುತ್ತಿತ್ತು. ದಿನಕ್ಕೆ 1 ಕೋಟಿ ಲೀಟರಿನಷ್ಟು ನೀರು 2005ರ ಕೊನೆಯವರೆಗೂ ಹೀಗೆ ಹೋಯಿತು. ಪೇಜ್ ಪಟ್ಟಣದ ಬಳಿಯ 2,250 ಮೆಗಾವಾಟ್ ಸಾಮರ್ಥ್ಯದ ನವಾಹೊ ಸ್ಥಾವರವಾದರೋ, ಕೊಲರಾಡೊ ನದಿಯ ನೀರನ್ನು ಫೀನಿಕ್ಸ್ ಮತ್ತು ಟೂಸಾನ್ ನಗರಗಳ ಕಡೆಗೆ ಎತ್ತುವ ಪಂಪುಗಳಿಗೆ ವಿದ್ಯುತ್ ಒದಗಿಸಿತು. ಸುತ್ತಲಿನ ಸಾವಿರಾರು ನವಾಹೊ ಮನೆಗಳು ಕತ್ತಲಲ್ಲೇ ಇದ್ದವು. 2019ರಲ್ಲಿ ಆ ಸ್ಥಾವರವೂ ಅದಕ್ಕೆ ಕಲ್ಲಿದ್ದಲು ಪೂರೈಸುತ್ತಿದ್ದ ಕಯೆಂಟಾ ಗಣಿಯೂ ಮುಚ್ಚಿದಾಗ ಹೊಗೆ ನಿಂತಿತು, ಜೊತೆಗೆ ನೂರಾರು ಕುಟುಂಬಗಳ ಸಂಬಳ ಮತ್ತು ನವಾಹೊ ಸರ್ಕಾರಕ್ಕೆ ಬರುತ್ತಿದ್ದ ರಾಜಧನವೂ ನಿಂತವು.

ನೀರಿನ ಹಕ್ಕಿನ ವ್ಯಾಜ್ಯ ಸುಪ್ರೀಂ ಕೋರ್ಟಿನವರೆಗೂ ಹೋಯಿತು. 1868ರ ಒಪ್ಪಂದವು ನೀರು ದೊರಕಿಸಿಕೊಡಲು ಕೇಂದ್ರ ಸರ್ಕಾರ ಕ್ರಮ ಕೈಗೊಳ್ಳಬೇಕೆಂದು ವಿಧಿಸುವುದಿಲ್ಲವೆಂದು 2023ರ ಜೂನ್‌ನಲ್ಲಿ ಐವರು ನ್ಯಾಯಮೂರ್ತಿಗಳು ತೀರ್ಪಿತ್ತರು, ನಾಲ್ವರು ಒಪ್ಪಲಿಲ್ಲ. ತಮ್ಮ ಪರವಾಗಿ ಸರ್ಕಾರ ಹಿಡಿದಿಟ್ಟುಕೊಂಡಿರುವ ನೀರು ಎಷ್ಟೆಂದು ಗುರುತಿಸಿ ಹೇಳಬೇಕೆಂಬುದಷ್ಟೇ ನವಾಹೊ ಜನರ ಬೇಡಿಕೆಯೆಂದು ನ್ಯಾಯಮೂರ್ತಿ ನೀಲ್ ಗೋರ್ಸಚ್ ತಮ್ಮ ಭಿನ್ನ ತೀರ್ಪಿನಲ್ಲಿ ದಾಖಲಿಸಿದರು.